ಗೇಟಿನ ಚಿಲಕ

ಫಲಿತಾಂಶವನ್ನು ನನಗೆ ರೇಡಿಯೋ ಹೇಳಬೇಕಿರಲಿಲ್ಲ,
ಗೇಟಿನ ಚಿಲಕ ಹೇಳುತ್ತಿತ್ತು.
ಗೆದ್ದ ದಿನ ಅದನ್ನು ಹಾಕುವುದನ್ನೇ ಮರೆಯುತ್ತಿದ್ದ ಎಮ್ರಿಸ್,
ಪಕ್ಕದ ಮನೆ ನಾಯಿ ನುಗ್ಗಿ ನನ್ನ ಈರುಳ್ಳಿ ಮಡಿ ಕೆದರುತ್ತಿತ್ತು.
ಸಮವಾದರೆ ಒಂದು ಟಕ್.
ಸೋತ ದಿನ ಎಷ್ಟು ಮೆಲ್ಲಗೆಂದರೆ
ಒಳಗೆಲ್ಲೋ ಎಳೆಗೂಸು ಮಲಗಿದೆ ಎಂಬಂತೆ.
ಆಗ ನಾನು ಕೆಟಲ್ ಇಟ್ಟು
ಮಾತು ಎತ್ತಿಡುತ್ತಿದ್ದೆ.

ಮದುವೆಯಾದ ಹೊಸತರಲ್ಲಿ ಒಮ್ಮೆ ಹೋಗಿದ್ದೆ ನೋಡಲು,
ಹಸಿರು ಟೋಪಿ ಹಾಕಿಕೊಂಡು. ಐದು-ಸೊನ್ನೆಯಲ್ಲಿ ಸೋತರು.
"ನೆಸ್ತಾ, ಇನ್ನು ನೀನು ಬರಬೇಡ" ಅಂದ, ನಗುತ್ತಲೇ ಅಂದ.
ನಗುತ್ತ ಅಂದ ಮಾತು ಮೂವತ್ತೊಂದು ವರ್ಷ ಬಾಳಿಕೆ ಬಂತು,
ನಾವು ಕೊಂಡ ಯಾವ ಸೋಫಾಗಿಂತಲೂ ಹೆಚ್ಚು.

ಮನೆಗಳು ಒಂಬತ್ತು. ಪರದೆ ಒಂದೇ ಜೊತೆ,
ರೋಂಡಾ ಕಣಿವೆಯಿಂದ ಅಮ್ಮ ಕಳಿಸಿದ್ದು, ಸಾಸಿವೆ ಬಣ್ಣದ್ದು.
ಸಂಡರ್ಲೆಂಡಿನ ಕಿಟಕಿಗೆ ಅಂಚು ಬಿಚ್ಚಿ ಉದ್ದ ಮಾಡಿದೆ,
ಪ್ರೆಸ್ಟನ್ನಿನಲ್ಲಿ ಮಡಚಿ ಹೊಲಿದೆ,
ಗ್ರಿಮ್ಸ್‌ಬಿಯಲ್ಲಿ ನಾನು ಅಳತೆ ತೆಗೆಯುವ ಮೊದಲೇ
ಅವನನ್ನು ತೆಗೆದರು.
ಆ ಸುದ್ದಿಯೂ ನನಗೆ ಮುಂಚೆಯೇ ಮುಟ್ಟಿತ್ತು:
ಮಾಂಸದಂಗಡಿಯವನು ಆ ಗುರುವಾರ
ಕೊಸರು ಹಾಕಲಿಲ್ಲ.

ಕಪ್ಪು ಹಲಗೆಯ ಮೇಲೆ ಅವನು ಎಳೆದ ಬಾಣಗಳನ್ನು ಲೋಕ ಹೊಗಳಿತು.
ಬಾಣದ ತುದಿಯಲ್ಲಿ ನಿಂತವರಲ್ಲಿ ಯಾರಿಗೆ ಹಲ್ಲುನೋವು,
ಯಾರ ಹೆಂಡತಿ ತವರು ಸೇರಿದ್ದಾಳೆ,
ಯಾರು ನಾಚಿಕೊಂಡು ಅರೆಹೊಟ್ಟೆಯಲ್ಲೇ ಎದ್ದ,
ಇದೆಲ್ಲ ನನ್ನ ಅಡುಗೆಮನೆಯ ವಿದ್ಯೆ.
ಡಾನಿಗಾಲಿನ ಹುಡುಗ ಕಾರ್ಮಕ್, ಹದಿನೇಳು ವಯಸ್ಸು,
ನನ್ನ ಮೇಜಿಗೆ ಹಣೆಯೂರಿ ಅತ್ತದ್ದನ್ನು ಹೇಳಲಿಲ್ಲ ನಾನು.
"ಎಡಗಾಲು ಯಾಕೋ ನೋವಂತೆ, ನಾಲ್ಕು ದಿನ ಊರಿಗೆ ಕಳಿಸು" ಅಂದೆ.
ಮರಳಿದವನು ಅದೇ ಎಡಗಾಲಲ್ಲಿ ಕಪ್ ಗೆದ್ದುಕೊಟ್ಟ.
ಪತ್ರಿಕೆಗಳು ಬರೆದವು:
ಎಮ್ರಿಸ್ ಪ್ರೊಥೆರೋ, ಮನಸ್ಸನ್ನು ಓದಬಲ್ಲ ಮನುಷ್ಯ!
ಓದಲಿ ಪಾಪ. ಕನ್ನಡಕ ಎಲ್ಲಿಟ್ಟೆನೆಂದು
ದಿನಾ ನನ್ನನ್ನೇ ಕೇಳುತ್ತಿದ್ದ.

ಟೌನ್ ಹಾಲ್ ಮೆಟ್ಟಿಲ ಮೇಲಿನ ಫೋಟೋ ಇದೆ ಈಗಲೂ.
ಕಪ್ ಎತ್ತಿದವನ ಪಕ್ಕ, ಚೌಕಟ್ಟಿನಂಚಿಗೆ,
ಮೊಣಕೈಯಿಂದಾಚೆ ನೀಲಿ ಉಣ್ಣೆಯ ಒಂದು ತೋಳು.
ಆ ತೋಳು ನಾನು.

ನಿವೃತ್ತನಾದ ಮೊದಲ ಶನಿವಾರ, ಮೂರು ಗಂಟೆಗೆ,
ಅಡುಗೆಮನೆಯ ನಡುವೆ ನಿಂತಿದ್ದ
ತನ್ನ ಕೈಗಳನ್ನು ಎಲ್ಲಿಡಬೇಕೆಂದು ತಿಳಿಯದೆ.
ಇಸ್ತ್ರಿಗೆ ಅಡ್ಡ, ಒಲೆಗೆ ಅಡ್ಡ, ನನಗೆ ಅಡ್ಡ.
ನಾಲ್ಕು ಶನಿವಾರ ತಡೆದುಕೊಂಡೆ.
ಐದನೆಯದಕ್ಕೆ ಕೋಟು ತೊಟ್ಟು ಬಸ್ಸು ಹತ್ತಿದೆ,
ಸಾಲಿನಲ್ಲಿ ನಿಂತೆ, ದುಡ್ಡು ಕೊಟ್ಟು ಟಿಕೆಟ್ ಕೊಂಡೆ.
ಕಿಂಡಿಯ ಹುಡುಗಿ ಹೆಸರು ಕೇಳಲಿಲ್ಲ.
ಕೇಳಿದ್ದರೆ ತವರಿನದನ್ನು ಹೇಳುತ್ತಿದ್ದೆ.

ಹುಲ್ಲು ಅಷ್ಟು ಹಸಿರೆಂದು
ಇಷ್ಟು ವರ್ಷ ಒಬ್ಬರೂ ನನಗೆ ಹೇಳಿರಲಿಲ್ಲ!
ದೀಪ ಹತ್ತಿದಾಗ ಇಪ್ಪತ್ತು ಸಾವಿರ ಬಾಯಿಗಳ ಹಬೆ
ಬಟ್ಟೆ ಕುದಿಸುವ ಹಂಡೆಯಿಂದೆಂಬಂತೆ ಎದ್ದಿತು.
ಪಕ್ಕದ ಮುದುಕ ತನ್ನ ಪೈ ಮುರಿದು ಅರ್ಧ ಕೊಟ್ಟ.
"ಮೊದಲ ಸಲವಾ?" ಎಂದ.
"ಎರಡನೇದು" ಎಂದೆ.

ಮನೆ ಮುಟ್ಟಿದಾಗ ಕತ್ತಲು. ಒಳಗೆ ರೇಡಿಯೋ ಸದ್ದಿಲ್ಲ.
ಸಾಸಿವೆ ಬಣ್ಣದ ಪರದೆ
ಒಂದು ಬೆರಳಷ್ಟು ಸರಿದಿತ್ತು.
ಗೇಟು ದಾಟಿ, ತಿರುಗಿ, ಚಿಲಕಕ್ಕೆ ಕೈಯಿಟ್ಟು ನಿಂತೆ,
ತಣ್ಣನೆಯ ಕಬ್ಬಿಣ,
ಬೆರಳಲ್ಲಿ ಇನ್ನೂ ಪೈಯ ಜಿಡ್ಡು.
ಕಿವಿಗೊಟ್ಟು ಕೂತಿದ್ದಾನೆ, ಗೊತ್ತು.
ಕೂತಿರಲಿ
ಒಂದು ನಿಮಿಷ.