ಮೈಸಮೇತ

ಕಿಸುಮು ಹೈಕೋರ್ಟಿನ ಬೇಲಿಯಾಚೆ, ಜಕರಂಡಾ ಮರದಡಿ
ನನ್ನ ಟೈಪು ಮೇಜು. ಒಂದು ಕಾಲು ಗಿಡ್ಡ,
ಅದಕ್ಕೊಂದು ಇಟ್ಟಿಗೆ ಚೂರು.
ಪ್ರಮಾಣಪತ್ರ ಪುಟಕ್ಕೆ ಐವತ್ತು ಶಿಲ್ಲಿಂಗ್.
ಅಳುವವರಿಗೆ ಕುರ್ಚಿ ಪುಕ್ಕಟೆ.

ಮಂಗಳವಾರ ಬಂದಳು ಅಕೆಯೊ, ಒಣಮೀನಿನ ವಾಸನೆಯೊಡನೆ,
ಕಂಕುಳಲ್ಲಿ ಅಳತೆಯ ಡಬ್ಬ.
ಅಂಗಡಿ ಮುಚ್ಚುವ ಗಡಿಬಿಡಿಯಲ್ಲಿ
ಅದನ್ನೆಲ್ಲಿಡುವುದೆಂದು ಹೊಳೆದಿರಲಿಲ್ಲವಂತೆ.
ಮಗ ಒಗ್ವೆನೊ, ಹತ್ತೊಂಬತ್ತು ವರ್ಷ,
ಮಟಾಟು ವ್ಯಾನಿನ ಬಾಗಿಲಿಗೆ ಜೋತು
ಊರೂರ ಹೆಸರು ಕೂಗುವ ಕೆಲಸ.
ಶುಕ್ರವಾರ ಸಂಜೆ ಹಿಡಿದರು.

ಶುಕ್ರವಾರ ಸಂಜೆಯೇ ಹಿಡಿಯುತ್ತಾರೆ, ನನಗೆ ಗೊತ್ತು.
ಇಪ್ಪತ್ತನಾಲ್ಕು ಗಂಟೆಯೊಳಗೆ ಕೋರ್ಟಿನ ಮುಂದೆ, ಎನ್ನುತ್ತದೆ ಸಂವಿಧಾನ.
ಗಂಟೆಗಳು ರಜೆಯಲ್ಲಿ ಮುಗಿದರೆ
ಕೋರ್ಟು ತೆರೆದ ದಿನ, ಎಂದೂ ಎನ್ನುತ್ತದೆ.
ಆ 'ಎಂದೂ' ಇದೆಯಲ್ಲ,
ಅದರ ಸಂದಿಯಲ್ಲಿ ಶನಿವಾರ ಭಾನುವಾರ ಎರಡೂ ನುಸುಳುತ್ತವೆ.
ಇರಲಿ. ಸೋಮವಾರಕ್ಕೆ ಯಾವ ನೆಪ?

ಸೋಮವಾರ ಅವಳು ಸರೋವರದ ದಂಡೆಯ ಠಾಣೆಗೆ ಹೋದಳು: ಇಲ್ಲಿಲ್ಲ.
ರೈಲು ನಿಲ್ದಾಣದ ಹಿಂದಿನ ಠಾಣೆಗೆ: ಆ ಹೆಸರೇ ಕೇಳಿಲ್ಲ.
ಘಟನೆ ಬರೆಯುವ ಪುಸ್ತಕ ತೋರಿಸಿ, ಅಂದಳು.
ಅದರ ಮೇಲೆ ಚಹಾ ಲೋಟ ಇಟ್ಟು
ಪುಸ್ತಕ ಮಲಗಿದೆ, ಅಂದ ಕಾರ್ಪೊರಲ್.
ಹಿತ್ತಲ ತಂತಿಯ ಮೇಲೆ ಮಾತ್ರ
ಒಂದು ಹಳದಿ ಅಂಗಿ ಒಣಗುತ್ತಿತ್ತು.
ಎಡತೋಳಿನ ಹೊಲಿಗೆ ಅವಳದೇ.

ದೇವರ ಮೇಲೆ ಆಣೆಯಿಟ್ಟು ಶುರು ಮಾಡಿದಳು.
ದೇವರು ಆಮೇಲೆ, ಅಂದೆ. ಹೊಲಿಗೆ ಹೇಳು.
ದಾರ ಯಾವ ಬಣ್ಣ?
ನೀಲಿ. ಹಳದಿ ಮುಗಿದುಹೋಗಿತ್ತು.
ಅದನ್ನೇ ನಾಲ್ಕನೆಯ ಪರಿಚ್ಛೇದ ಮಾಡಿದೆ.

ವಕೀಲೆ ಮುಕಾಬ್ವಾ ನಿಂತೇ ಹೇಳುತ್ತಾ ಹೋದಳು, ನಾನು ಕುಟ್ಟುತ್ತಾ ಹೋದೆ:
ಪ್ರತಿವಾದಿಗಳು ಸದರಿ ಬಂಧಿಯ ದೇಹವನ್ನು
ಮಾನ್ಯ ನ್ಯಾಯಾಲಯದ ಮುಂದೆ ತರತಕ್ಕದ್ದು...

ಅಕೆಯೊ ಎದ್ದಳು. ಡಬ್ಬ ಉರುಳಿತು.
'ದೇಹ ಯಾಕಂತೀರಿ?
ದೇಹ ಕೇಳಿದರೆ ದೇಹವನ್ನೇ ತಂದುಕೊಟ್ಟಾರು.'
ಹಳೇ ಲ್ಯಾಟಿನ್ ಮಾತಮ್ಮ, ಕಾನೂನು ಹಾಗೇ ಕೇಳೋದು.
'ಆ ಲ್ಯಾಟಿನ್ನಿನವನಿಗೆ ತಾಯಿ ಇರಲಿಲ್ಲವೇ?'

ಮುಕಾಬ್ವಾಳ ಹತ್ತಿರ ಎಲ್ಲದಕ್ಕೂ ಪೂರ್ವನಿದರ್ಶನವಿತ್ತು,
ಇದಕ್ಕಿರಲಿಲ್ಲ.
ಆ ಮೌನದಲ್ಲಿ, ಯಾರನ್ನೂ ಕೇಳದೆ,
ದೇಹದ ಮುಂದೆ ಎರಡು ಪದ ಸೇರಿಸಿದೆ:
ಉಸಿರಾಡುತ್ತಿರುವ, ಒಗ್ವೆನೊನ.
ಅವಳು ಕನ್ನಡಕದ ಮೇಲಿಂದ ನೋಡಿದಳು.
ಹೊಡೆದುಹಾಕಲಿಲ್ಲ.

ಗುರುವಾರ ಹತ್ತೂ ನಲವತ್ತಕ್ಕೆ ತಂದರು.
ಬೆಲ್ಟಿಲ್ಲ, ಚಡ್ಡಿ ಜಾರದಂತೆ ಒಂದು ಕೈ ಸೊಂಟದಲ್ಲಿ,
ಬೂಟಿಗೆ ಲಾಡಿಯಿಲ್ಲ,
ಮೈಮೇಲೆ ಯಾರದೋ ಹಸಿರು ಅಂಗಿ.
ಯಾವ ಕಲಮಿನಡಿ ಇಟ್ಟುಕೊಂಡಿರಿ? ಕೇಳಿದರು ನ್ಯಾಯಾಧೀಶೆ.
ಇನ್‌ಸ್ಪೆಕ್ಟರ್ ಹಾಳೆ ಮಗುಚಿದ. ಇನ್ನೊಂದು ಮಗುಚಿದ.
ಫ್ಯಾನಿನ ಗಾಳಿ ಉಳಿದವನ್ನೂ ಮಗುಚಿತು.
ಬಿಟ್ಟುಬಿಡಿ ಅನ್ನುವುದಕ್ಕೆ
ಮೂರು ಸಾಲಿನ ಆದೇಶ ಸಾಕಾಯಿತು.

ಇನ್ನು ಪರಿಹಾರದ ಅರ್ಜಿ, ಅಂದಳು ಮುಕಾಬ್ವಾ.
ಆರು ರಾತ್ರಿ, ಅಂದಳು ತಾಯಿ.
ಕಾನೂನಿಗೆ ಮೂರೇ, ವಾರಾಂತ್ಯ ಅವರದ್ದು.
ಅಕೆಯೊ ಡಬ್ಬವನ್ನು ನನ್ನ ಕಾಗದಗಳ ಮೇಲಿಟ್ಟಳು:
'ರಾತ್ರಿಯನ್ನು ಹೇಗೆ ಅಳೀತಾರೆ?
ಗುಡ್ಡೆ ಕಟ್ಟಿಯೋ, ಅಂಗೈಯಲ್ಲಿ ಸವರಿಯೋ?'

ಎರಡು ವರ್ಷ. ಮುಂದಿನ ತಾರೀಕು ಆಗಸ್ಟಿನಲ್ಲಿ.
ಒಗ್ವೆನೊ ಈಗ ಬಾಗಿಲಿಗೆ ಜೋತುಬೀಳುವುದಿಲ್ಲ,
ಒಳಗೆ ಕೂತು ಚೀಟಿ ಹರಿಯುತ್ತಾನೆ,
ಊರ ಹೆಸರು ಬೇರೆ ಹುಡುಗ ಕೂಗುತ್ತಾನೆ.
ಹಳದಿ ಅಂಗಿ ಇನ್ನೂ ವಾಪಸು ಬಂದಿಲ್ಲ.
ಅದಕ್ಕೂ ಒಂದು ಅರ್ಜಿಯಿದೆ; ಮೊನ್ನೆ ಬಂದು ಬರೆಸಿಕೊಂಡ.
ದುಡ್ಡು ತೆಗೆದುಕೊಳ್ಳಲಿಲ್ಲ ಎಂದರೆ ಸುಳ್ಳು ಪ್ರಮಾಣವಾದೀತು.
ತೆಗೆದುಕೊಂಡೆ.
ನಲವತ್ತು.