ಪಟ್ಟಿಯಲ್ಲಿಲ್ಲದ ತಿರುವು

ಮಡಿಕೇರಿ ಬಸ್‌ಸ್ಟ್ಯಾಂಡಿನೆದುರು ಬೆಳಿಗ್ಗೆ ಏಳೂಕಾಲು.
ಏಳು ಸೀಟಿನ ಜೀಪಿಗೆ ನಾವು ಒಂಬತ್ತು ಜನ,
ಒಂದು ಪುಲಾವಿನ ಡಬ್ಬಿ, ವಾಂತಿ ಬಂದರೆ ಇರಲೆಂದು ನಿಂಬೆಹಣ್ಣು.
ಗೈಡು ಚೋಂದಮ್ಮ ಮುಂದಿನ ಸೀಟಿನಿಂದ ತಿರುಗಿ
ದಿನವನ್ನು ಟಿಕೆಟಿನಂತೆ ಹರಿದು ಹರಿದು ಕೊಟ್ಟಳು:
ಮೊದಲು ಅಬ್ಬಿ, ಆಮೇಲೆ ಮಲ್ಲಳ್ಳಿ,
ನಡುವೆ ಕಾಫಿಗೆ ಹತ್ತು ನಿಮಿಷ,
ಮಿಕ್ಕದ್ದಕ್ಕೂ ಅದೇ ಹತ್ತು.

ಅಬ್ಬಿಯಲ್ಲಿ ನೀರಿಗಿಂತ ಫೋನು ಜಾಸ್ತಿ.
ಮಲ್ಲಳ್ಳಿಯ ಮೆಟ್ಟಿಲು ಎಣಿಸುತ್ತ ಇಳಿದವರು
ಹತ್ತುವಾಗ ಲೆಕ್ಕ ಬಿಟ್ಟೆವು.
ನನ್ನ ಕಾಲಿನ ಜಿಗಣೆಗೆ ಸುಣ್ಣ ಹಚ್ಚುತ್ತ
ಚೋಂದಮ್ಮ ಅಂದಳು, "ಪಾಪ, ಅದರದೂ ಒಂದು ಟೂರು."

ಐದನೇ ಕ್ಲಾಸಿನ ಹುಡುಗ ಕೇಳಿದ:
"ಆಂಟಿ, ಇಲ್ಲಿ ಜ್ವಾಲಾಮುಖಿ ಇಲ್ವಾ?
ಪುಸ್ತಕದಲ್ಲಿದೆ, ಬೆಟ್ಟದ ಬಾಯಿಂದ ಕೆಂಪಗೆ ಇಳಿಯುತ್ತೆ."
ನಾವು ನಕ್ಕೆವು.
ಅವಳು ಡ್ರೈವರಿಗೆ ಏನೋ ಹೇಳಿದಳು, ಕೊಡವ ಭಾಷೆಯಲ್ಲಿ.

ಹಟ್ಟಿಹೊಳೆ ದಾಟಿದ ಮೇಲೆ, ಪಟ್ಟಿಯಲ್ಲಿಲ್ಲದ ಒಂದು ತಿರುವಿನಲ್ಲಿ
ಜೀಪು ನಿಂತಿತು.
ಎದುರಿನ ಗುಡ್ಡ ನೆತ್ತಿಯಿಂದ ಬುಡದವರೆಗೆ ಸುಲಿದ ಹಾಗೆ,
ಹುಲ್ಲು ಅಲ್ಲಲ್ಲಿ ತೇಪೆ ಹಾಕುತ್ತಿದೆ,
ಕೆಂಪು ಇನ್ನೂ ಇಣುಕುತ್ತದೆ.

"ಬೆಂಕಿ ಇರಲಿಲ್ಲ ಮಗಾ. ಬರೀ ನೀರು.
ಆ ಹಲಸಿನ ಮರ ಕಾಣ್ತದಾ?
ನಮ್ಮ ಅಡುಗೆಮನೆ ಹಿಂದೆ ಇತ್ತು, ಅಷ್ಟು ಮೇಲೆ.
ನಿಂತ ಹಾಗೇ ಇಳಿದು ಬಂತು.
ಅಡುಗೆಮನೆ ಬರಲಿಲ್ಲ."

ಫೋಟೋಗೆಂದು ಎತ್ತಿದ ಫೋನಿನಲ್ಲಿ
ಒಬ್ಬರು ಟೈಮು ನೋಡಿ ಒಳಗಿಟ್ಟರು.
ಡಬ್ಬಿಯ ಪುಲಾವು ತಣ್ಣಗಾಗಿತ್ತು.

ಹುಡುಗನಿಗೆ ಮಾತ್ರ ಇನ್ನೊಂದು ಪ್ರಶ್ನೆ:
"ಈಗಲೂ ಹಣ್ಣು ಬಿಡುತ್ತಾ?"

"ಬಿಡದೆ! ಮೇ ಕೊನೆಗೆ ಬಾ,
ಮಳೆ ಹಿಡಿಯೋ ಮೊದಲು."