ಹನ್ನೊಂದನೇ ಪುಟ

ಲೈಬ್ರರಿಯ ಚಿತ್ರಕಾದಂಬರಿಯಲ್ಲಿ
ಕೊನೆಗೆ ಹುಡುಗಿ ಚಿಟ್ಟೆಯಾಗುತ್ತಾಳೆ.
ಶಗುಫ್ತಾ ನಕ್ಕಳು:
ನಮ್ಮ ಶಿಡ್ಲಘಟ್ಟದಲ್ಲಿ, ಗೂಡು ಕೊರೆದು
ಹೊರಗೆ ಬರೋ ತನಕ ಯಾರು ಕಾಯ್ತಾರೆ?
ಅಬ್ಬಾನ ಬಾಣಲೆಯಲ್ಲಿ ಬೆಳಗ್ಗೇನೇ ಕುದಿನೀರು.

ಗೂಡು ತೂಗಿದ ಚೀಟಿಗಳ ಬೆನ್ನಿಗೆ
ತನ್ನದೇ ಕಥೆ ಬರೆಯುತ್ತಿದ್ದಾಳೆ, ಚೌಕ ಚೌಕವಾಗಿ.
ಹತ್ತು ಪುಟ ದುಪಟ್ಟಾ ಎಳೆದುಕೊಳ್ಳುವುದರಲ್ಲೇ ಕಳೆದವು.
ಮದುವೆಮನೆ, ಶಾಲೆಯ ನಲ್ಲಿ, ಗ್ರೂಪ್ ಫೋಟೊ,
ಎಲ್ಲದರಲ್ಲೂ ಎಡಕ್ಕೆ ತಿರುಗಿದ್ದಾಳೆ.

ಹನ್ನೊಂದರಲ್ಲಿ ನೇರ ಮುಖ.
ಹುಬ್ಬು, ಮೂಗು, ಒಡೆದ ತುಟಿ,
ಪೆನ್ಸಿಲ್ ಉಜ್ಜಿ ಉಜ್ಜಿ ಮೈಬಣ್ಣ.
ಎಡಗೆನ್ನೆಯ ತೊನ್ನಿನ ಅಂಚಿಗೆ ಬಂದು
ನಿಂತಳು.
ಅಲ್ಲಿ ಬಳಿಯುವುದೇನೂ ಇರಲಿಲ್ಲ.
ಕಾಗದವನ್ನು ಇದ್ದ ಹಾಗೇ ಬಿಟ್ಟಳು.

ಆಚೆ ಬದಿಯ ತೂಕ ಮಸುಕಾಗಿ
ಕೆನ್ನೆಯಲ್ಲಿ ಕಾಣುತ್ತದೆ, ತಿರುಗುಮುರುಗಾಗಿ:
ನಲವತ್ತೆರಡು ಕೆ.ಜಿ.
ಅದನ್ನೂ ಅಳಿಸಲು ಹೋಗಲಿಲ್ಲ.